ಚಾಕು ತಯಾರಿಕೆ ಕಲಿಸುತ್ತೇವೆಂದು ಕರೆದು ಗ್ರಿಲ್ ಕಬ್ಬಿಣ ಕೊಟ್ಟು ಕಳಿಸುವವರ ಬಗ್ಗೆ ಎಚ್ಚರಿಕೆ

ತುಮಕೂರಿನ ಹೊರವಲಯದ ಶೆಡ್ಡೊಂದರಲ್ಲಿ ವಾರಾಂತ್ಯದ ಚಾಕು ತಯಾರಿಕೆ ತರಬೇತಿ ನಡೆಯುತ್ತದೆಂಬ ಜಾಹೀರಾತು ವಾಟ್ಸಾಪ್‌ನಲ್ಲಿ ಮತ್ತೆ ಹರಿದಾಡುತ್ತಿದೆ. ಅದನ್ನು ನೋಡಿ ಯಾರಾದರೂ ಮುಂಗಡ ಕಳಿಸಲು ಹೊರಟಿದ್ದರೆ ದಯವಿಟ್ಟು ಇದನ್ನು ಓದಿ ಮುಗಿಸುವವರೆಗಾದರೂ ತಡೆಯಿರಿ. ನಾನು 18,500 ರೂಪಾಯಿ ಕೊಟ್ಟೆ. ಅದಕ್ಕೆ ಪ್ರತಿಯಾಗಿ ನನಗೆ ಸಿಕ್ಕಿದ್ದು ಚಾಕುವಿನ ಆಕಾರಕ್ಕೆ ಕತ್ತರಿಸಿದ, ಗೇಟು ಮತ್ತು ಕಿಟಕಿ ಗ್ರಿಲ್ಲಿಗೆ ಹಾಕುವಂಥ ಸಾದಾ ಕಬ್ಬಿಣದ ಒಂದು ತುಂಡು. ದೂರು ಇನ್ನೂ ಇತ್ಯರ್ಥವಾಗದಿರುವುದರಿಂದ ಹೆಸರು ಬರೆಯುತ್ತಿಲ್ಲ. ಜಾಹೀರಾತು ನೋಡಿದವರಿಗೆ ಯಾರೆಂದು ತಿಳಿಯುತ್ತದೆ.

ಕರೆಯುವ ರೀತಿಯೇ ಮೋಸ. ಕೆಂಡದಂಥ ಉಕ್ಕನ್ನು ಅಡಿಗಲ್ಲಿನ ಮೇಲಿಟ್ಟು ಬಡಿಯುವ ವಿಡಿಯೊ, ಅದರ ಜೊತೆಗೆ ನಮ್ಮ ಜಿಲ್ಲೆಯ ಇತಿಹಾಸದ ಮಾತು. 1800ರ ಸುಮಾರಿಗೆ ಮೈಸೂರು ಸೀಮೆಯನ್ನು ಸುತ್ತಿದ ಫ್ರಾನ್ಸಿಸ್ ಬುಕಾನನ್ ಮಧುಗಿರಿ, ಚನ್ನರಾಯನದುರ್ಗದ ಕಡೆಯ ಕಬ್ಬಿಣದ ಕೆಲಸದ ಬಗ್ಗೆ ಬರೆದಿರುವುದು ನಿಜ, ಮತ್ತು ಮೂಸೆಯಲ್ಲಿ ಕರಗಿಸಿ ತೆಗೆಯುತ್ತಿದ್ದ ದಕ್ಷಿಣ ಭಾರತದ ಉಕ್ಕು ದೂರದ ದೇಶಗಳಿಗೆ ಹೋಗುತ್ತಿದ್ದುದೂ ನಿಜ. ಆದರೆ ಆ ಪರಂಪರೆಗೂ ಈ ಶೆಡ್ಡಿಗೂ ಯಾವ ಸಂಬಂಧವೂ ಇಲ್ಲ. ಊರಿನ ಅಭಿಮಾನವನ್ನು ಮುಂದಿಟ್ಟು ಹಣ ಕೀಳುವುದು ನನಗೆ ಈಗಲೂ ಎಲ್ಲಕ್ಕಿಂತ ಹೆಚ್ಚು ಸಿಟ್ಟು ತರಿಸುವ ಸಂಗತಿ.

ಒಳಗೆ ನಡೆದದ್ದು ಇಷ್ಟು. ಗ್ಯಾಸಿನ ಕುಲುಮೆಯೊಂದನ್ನು ಹಚ್ಚಿ, ಕಾದ ಒಂದೇ ಸಲಾಕೆಯನ್ನು ಎಲ್ಲರ ಕೈಯಲ್ಲೂ ಸರದಿಯಂತೆ ಬಡಿಸಿ, ಫೋಟೊ ತೆಗೆದು, ಆರಿಸಿದರು. ಆ ಸಲಾಕೆ ಯಾರ ಚಾಕುವೂ ಆಗಲಿಲ್ಲ. ಸಮಯ ಉಳಿಸಬೇಕೆಂದು ಹೇಳಿ, ಮೊದಲೇ ಯಂತ್ರದಲ್ಲಿ ಕತ್ತರಿಸಿಟ್ಟಿದ್ದ ಅಲಗುಗಳನ್ನು ಕೈಗಿತ್ತರು. ಉಳಿದ ಹೊತ್ತೆಲ್ಲ ಆಂಗಲ್ ಗ್ರೈಂಡರಿನಲ್ಲಿ ಉಜ್ಜುವುದೇ ಉಜ್ಜುವುದು. ಇದ್ದ ಒಂದು ಬೆಲ್ಟ್ ಗ್ರೈಂಡರಿಗೆ ಎಲ್ಲರೂ ಸಾಲಾಗಿ ನಿಲ್ಲಬೇಕು. ಕಣ್ಣಿಗೆ ಕನ್ನಡಕವಿಲ್ಲ, ಮೂಗಿಗೆ ಮಾಸ್ಕ್ ಇಲ್ಲ. ಕೇಳಿದಾಗ, "ಹಳ್ಳಿ ಆಚಾರಿಗಳು ಹಾಕ್ಕೋತಾರಾ ಸರ್?" ಎಂಬ ಉತ್ತರ ಬಂತು.

ಇನ್ನು ಹದ ಹಾಕುವ ವಿಷಯ. ಈ ಕಸುಬಿನ ಪರಿಚಯ ಸ್ವಲ್ಪವಾದರೂ ಇರುವವರಿಗೆ ಗೊತ್ತಿರುವಂತೆ, ಚಾಕು ಚಾಕುವಾಗುವುದು ಅಲ್ಲಿಯೇ. ಅಲಗನ್ನು ಅಯಸ್ಕಾಂತ ಹಿಡಿಯದಷ್ಟು, ಅಂದರೆ ಸುಮಾರು 770 ಡಿಗ್ರಿ ಸೆಲ್ಸಿಯಸ್ ದಾಟಿಸಿ ಇನ್ನೂ ಸ್ವಲ್ಪ ಮೇಲಕ್ಕೆ ಕಾಯಿಸಿ, ಎಣ್ಣೆಯಲ್ಲಿ ಅದ್ದಿ ಗಡಸು ಮಾಡಿ, ಬಳಿಕ ಸುಮಾರು 200 ಡಿಗ್ರಿಯಲ್ಲಿ ಗಂಟೆಗಟ್ಟಲೆ ಇಟ್ಟು ಮುರಿಯದಂತೆ ಹದಕ್ಕೆ ತರಬೇಕು (ಇದನ್ನೇ ಟೆಂಪರ್ ಮಾಡುವುದು ಎನ್ನುತ್ತಾರೆ). ಅದನ್ನು ಕಲಿಯಲೆಂದೇ ನಾನು ಹೋದದ್ದು. ಅದನ್ನೇ ಅವರು ತೋರಿಸಲಿಲ್ಲ. "ಅದು ಅಪಾಯದ ಕೆಲಸ ಸರ್, ಬೆಂಗಳೂರಿನ ಪೀಣ್ಯದಲ್ಲಿ ನಮ್ಮದೇ ಫರ್ನೇಸ್ ಇದೆ, ಅಲ್ಲಿ ಮಾಡಿಸಿ ಕೊರಿಯರ್ ಮಾಡುತ್ತೇವೆ" ಎಂದು ಹೇಳಿ ಅಲಗುಗಳನ್ನು ಸಂಗ್ರಹಿಸಿಕೊಂಡರು. ಮುದ್ದೆ ಮಾಡುವುದನ್ನು ಕಲಿಸುತ್ತೇನೆಂದು ಕರೆದು, ಹಿಟ್ಟು ಬೇಯಿಸುವುದನ್ನು ಮಾತ್ರ ಬಾಗಿಲು ಹಾಕಿಕೊಂಡು ಮಾಡಿದ ಹಾಗಾಯಿತು.

ಚಾಕು ಬಂತು. ಹೊಳಪೇನೋ ಚೆನ್ನಾಗಿತ್ತು, ಹಿಡಿಯೂ ಚೆನ್ನಾಗಿತ್ತು, ನಾನು ಮನೆಯವರಿಗೆಲ್ಲ ತೋರಿಸಿದೆ. ಆದರೆ ಒಂದು ಹೊತ್ತಿನ ತರಕಾರಿ ಹೆಚ್ಚುವಷ್ಟರಲ್ಲಿ ಮೊಂಡಾಗುತ್ತಿತ್ತು. ಸಾಣೆ ಹಿಡಿದರೆ ಮತ್ತೆ ಅದೇ ಕಥೆ. ತೆಂಗಿನ ಚಿಪ್ಪಿನಿಂದ ಕಾಯಿ ಬಿಡಿಸುವಾಗ ತುದಿ ಬಾಗಿತು, ಬಾಗಿದ್ದು ಹಾಗೆಯೇ ನಿಂತಿತು. ಹದವಾದ ಅಲಗಾದರೆ ಅಷ್ಟಕ್ಕೆ ಬಾಗಿದ್ದು ಹಿಂದಕ್ಕೆ ಬರಬೇಕು, ತೀರ ಗಡಸಾಗಿದ್ದರೆ ಮುರಿಯಬೇಕು.

ಅದನ್ನು ನಮ್ಮೂರಿನ ಆಚಾರರ ಕುಲುಮೆಗೆ ತೆಗೆದುಕೊಂಡು ಹೋದೆ. ಕುಡುಗೋಲು ಹದ ಹಾಕಿಸಲು ಬಂದಿದ್ದ ರೈತರು ಅಲ್ಲಿ ಕುಳಿತಿದ್ದರು. ಆಚಾರರು ಅರ (ಲೋಹ ಉಜ್ಜುವ ಫೈಲ್) ತೆಗೆದು ಅಲಗಿನ ಬೆನ್ನಿನ ಮೇಲೆ ಒಮ್ಮೆ ಎಳೆದರು. ಕರ್ ಎಂದು ಕಚ್ಚಿ, ಹೊಳೆಯುವ ಪುಡಿ ಉದುರಿತು. ಹದವಾದ ಉಕ್ಕಾಗಿದ್ದರೆ ಅರ ಹೀಗೆ ಕಚ್ಚುವುದಿಲ್ಲ. "ಇದ್ಯಾವ ಹದ ಕಣಪ್ಪ, ಇದಕ್ಕೆ ಬೆಂಕಿನೇ ಮುಟ್ಟಿಲ್ಲ" ಎಂದರು. ನಾನು ಪೀಣ್ಯದ ಫರ್ನೇಸಿನ ಮಾತು ಹೇಳಿದೆ. ಅವರು ನಗಲಿಲ್ಲ, ಕುಳಿತಿದ್ದವರು ನಕ್ಕರು.

ಆಮೇಲೆ ನಡೆದದ್ದೇ ಮುಖ್ಯ. ಹೋಗಲಿ, ಈಗಲಾದರೂ ಹದ ಹಾಕಿಕೊಡಿ ಎಂದು ಕೇಳಿಕೊಂಡಾಗ ಆಚಾರರು ಹಿಡಿಯ ರಿವೆಟ್ಟು ಬಿಡಿಸಿ, ಅಲಗಿನ ಜೊತೆಗೆ ತಮ್ಮಲ್ಲಿದ್ದ ಲಾರಿ ಕಮಾನು ಪಟ್ಟಿಯ (ಸ್ಪ್ರಿಂಗ್ ಪಟ್ಟಿಯ) ಚೂರೊಂದನ್ನೂ ಇದ್ದಿಲ ಬೆಂಕಿಗಿಟ್ಟು, ಎರಡೂ ಒಂದೇ ಬಣ್ಣಕ್ಕೆ ಬಂದಾಗ ಎಣ್ಣೆಯಲ್ಲಿ ಅದ್ದಿ ತೆಗೆದು, ಎರಡರ ಮೇಲೂ ಅದೇ ಅರವನ್ನು ಎಳೆದರು. ಪಟ್ಟಿಯ ಮೇಲೆ ಅರ ಕಚ್ಚದೆ ಜಾರಿತು. ನನ್ನ ಚಾಕುವನ್ನು ಮೊದಲಿನಂತೆಯೇ ತಿಂದಿತು. ಅಂದರೆ ಹದ ಹಾಕಿರಲಿಲ್ಲ ಎಂಬುದಷ್ಟೇ ಅಲ್ಲ, ಆ ಲೋಹಕ್ಕೆ ಹದ ಹಿಡಿಯುವ ಗುಣವೇ ಇರಲಿಲ್ಲ. ಕಮಾನು ಪಟ್ಟಿಯ ಉಕ್ಕಿನಲ್ಲಿ ಇಂಗಾಲ ಶೇ 0.5ರಿಂದ 0.6ರಷ್ಟು ಇರುತ್ತದೆ. ಗ್ರಿಲ್ಲಿಗೆ ಹಾಕುವ ಸಾದಾ ಎಂ.ಎಸ್. (ಮೈಲ್ಡ್ ಸ್ಟೀಲ್) ಪ್ಲೇಟಿನಲ್ಲಿ ಶೇ 0.2ರ ಆಸುಪಾಸು ಮಾತ್ರ, ಅದನ್ನು ಎಷ್ಟು ಕಾಯಿಸಿ ಅದ್ದಿದರೂ ಚಾಕುವಿಗೆ ಬೇಕಾದ ಗಡಸು ಬರುವುದಿಲ್ಲ. ಜಾಹೀರಾತಿನಲ್ಲಿದ್ದ ಮಾತು "ಅಸಲಿ ಸ್ಪ್ರಿಂಗ್ ಸ್ಟೀಲ್". ಆಚಾರರು ಹಣ ತೆಗೆದುಕೊಳ್ಳಲಿಲ್ಲ. ಅದೂ ಒಂದು ಬಗೆಯ ಅವಮಾನವೇ.

ಈಗ ತರಬೇತಿ ನಡೆಸಿದ ಆ ಮಹಾಶಯರ ಉತ್ತರಗಳನ್ನು ಕೇಳಿ. ಮೊದಲ ಉತ್ತರ: "ಟೆಂಪರ್ ಮಾಡಿದ ಮೇಲೆ ಅರ ಕಚ್ಚೇ ಕಚ್ಚುತ್ತದೆ ಸರ್, ನಿಮಗೆ ಥಿಯರಿ ಗೊತ್ತಿಲ್ಲ." ಸರಿಯಾಗಿ ಹದವಾದ ಅಲಗನ್ನು ಹೊಸ ಅರ ಸ್ವಲ್ಪ ಗೀರಬಹುದು, ಒಪ್ಪಿದೆ. ಆದರೆ ಗೀರುವುದಕ್ಕೂ ಪುಡಿ ಉದುರಿಸುವುದಕ್ಕೂ ಅಂತರವಿಲ್ಲವೇ? ಎರಡನೆಯ ಉತ್ತರ: "ನೀವು ಗ್ರೈಂಡರಿಗೆ ಕೊಟ್ಟು ನೀಲಿ ಬರಿಸಿ ಹದ ತೆಗೆದಿದ್ದೀರಿ." ಅಂದರೆ ಉಜ್ಜುವಾಗ ಉಕ್ಕು ನೀಲಿಯಾಗುವಷ್ಟು ಬಿಸಿ ಮಾಡಿದೆನಂತೆ. ನಾನು ಮನೆಯಲ್ಲಿ ಬಳಸಿದ್ದು ನೀರು ಹಾಕಿ ಉಜ್ಜುವ ಸಾಣೆಕಲ್ಲು. ಅದೂ ಅಲ್ಲದೆ ಗ್ರೈಂಡರಿನ ಬಿಸಿಗೆ ಹದ ಹೋಗುವುದು ಬಾಯಿಯ ಕಡೆ, ಅರ ಕಚ್ಚಿದ್ದು ದಪ್ಪನೆಯ ಬೆನ್ನಿನ ಮೇಲೆ. ಇದನ್ನು ಬರೆದು ಕಳಿಸಿ, ಉಕ್ಕು ಖರೀದಿಸಿದ ಬಿಲ್ಲನ್ನೂ ಪೀಣ್ಯದ ಘಟಕದ ರಸೀದಿಯನ್ನೂ ತೋರಿಸಿ ಎಂದು ಕೇಳಿದೆ. ನೀಲಿ ಗುರುತು ಬಿತ್ತು, ಉತ್ತರ ಬರಲಿಲ್ಲ. ಕೊನೆಗೆ, ಆಚಾರರ ಕುಲುಮೆಯಲ್ಲಿ ತೆಗೆದ ವಿಡಿಯೊ ಕಳಿಸಿದ ಮೇಲೆ ಬಂದ ಧ್ವನಿ ಸಂದೇಶವಿದು: "ಹೊರಗಡೆ ಬೆಂಕಿಗೆ ಹಾಕಿಸಿದರೆ ನಮ್ಮ ವಾರಂಟಿ ಹೋಗುತ್ತದೆ ಸರ್." ಅದನ್ನು ಮತ್ತೆ ಮತ್ತೆ ಕೇಳಿಸಿಕೊಂಡೆ. ಚಾಕುವನ್ನು ಬೆಂಕಿಗೆ ಹಾಕಿದ್ದೇ ತಪ್ಪಂತೆ! ಹಣ ಹಿಂದಿರುಗಿಸಿ ಎಂದಾಗ ಮುಂದಿನ "ಅಡ್ವಾನ್ಸ್ಡ್ ಬ್ಯಾಚ್"ನಲ್ಲಿ ರಿಯಾಯಿತಿ ಕೊಡುತ್ತೇನೆಂದು ಹೇಳಿ, ಅದೇ ಸಂಜೆ ನನ್ನನ್ನು ಗುಂಪಿನಿಂದ ತೆಗೆದುಹಾಕಿದರು.

ನನ್ನೊಡನೆ ಇದ್ದ ಶಿರಾ ಕಡೆಯ ಹುಡುಗನೊಬ್ಬ ಇನ್ನೂ 4,000 ಕೊಟ್ಟು "ಡಮಾಸ್ಕಸ್" ಅಲಗು ತೆಗೆದುಕೊಂಡಿದ್ದ. ಅದರ ಅಲೆಅಲೆಯ ಚಿತ್ತಾರ ಮರಳು ಕಾಗದಕ್ಕೆ ಅಳಿಸಿಹೋಯಿತು. ನಿಜವಾದದ್ದರಲ್ಲೂ ಉಜ್ಜಿದರೆ ಚಿತ್ತಾರ ಮಸುಕಾಗುತ್ತದೆ, ಆದರೆ ಎರಡು ಬಗೆಯ ಉಕ್ಕನ್ನು ಪದರಪದರವಾಗಿ ಬೆಸೆದಿರುವುದರಿಂದ ಫೆರಿಕ್ ಕ್ಲೋರೈಡ್ ದ್ರಾವಣದಲ್ಲಿ ಅದ್ದಿದರೆ ಅದು ಮರಳಿ ಮೂಡುತ್ತದೆ. ಅವನದ್ದು ಬರೀ ಕಪ್ಪಾಯಿತು. ಮೇಲ್ಮೈಗೆ ಮಾತ್ರ ಅಚ್ಚು ಹಾಕಿದ್ದ ಚಿತ್ತಾರ ಅದು.

ಪ್ರಮಾಣಪತ್ರದ ಆಮಿಷದ ಬಗ್ಗೆಯೂ ಹೇಳಬೇಕು. ಇವರು ಕೊಡುವ ಹಾಳೆ "ಪ್ರಧಾನಮಂತ್ರಿ ವಿಶ್ವಕರ್ಮ ಯೋಜನೆಗೆ ನೇರವಾಗಿ ಆಗುತ್ತದೆ" ಎಂದು ನಂಬಿಸಿದ್ದರಿಂದಲೇ ಕೆಲವರು ಸಾಲ ಮಾಡಿ ಬಂದಿದ್ದರು. 2023ರ ಸೆಪ್ಟೆಂಬರಿನಲ್ಲಿ ಶುರುವಾದ ಆ ಯೋಜನೆಯ 18 ಕಸುಬುಗಳಲ್ಲಿ ಕಮ್ಮಾರಿಕೆಯೂ ಇದೆ. ಆದರೆ ಅದು ಈಗಾಗಲೇ ಕಸುಬಿನಲ್ಲಿ ತೊಡಗಿರುವವರಿಗಾಗಿ ಇರುವಂಥದ್ದು, ನೋಂದಣಿ ಸಾಮಾನ್ಯ ಸೇವಾ ಕೇಂದ್ರದಲ್ಲಿ ಆಗುತ್ತದೆ, ಪರಿಶೀಲನೆ ಗ್ರಾಮ ಪಂಚಾಯಿತಿ ಅಥವಾ ನಗರ ಸ್ಥಳೀಯ ಸಂಸ್ಥೆಯಿಂದ ಆರಂಭವಾಗುತ್ತದೆ, ಮತ್ತು ತರಬೇತಿಯ ದಿನಗಳಲ್ಲಿ ಕಲಿಯುವವರಿಗೇ ದಿನಕ್ಕೆ 500 ರೂಪಾಯಿ ಭತ್ಯೆ ಕೊಡುತ್ತಾರೆ. ಕಲಿಯುವವರಿಗೆ ಸರಕಾರವೇ ಹಣ ಕೊಡುವ ಯೋಜನೆಯ ಹೆಸರು ಹೇಳಿ ಇವರು ಕಲಿಯುವವರಿಂದಲೇ ಹಣ ಕೀಳುತ್ತಾರೆ. ಇದೇನೆಂದು ಕೇಳಿದ್ದಕ್ಕಂತೂ ಉತ್ತರವೇ ಬರಲಿಲ್ಲ.

ಎಲ್ಲೇ ಕಲಿಯಲು ಹೋಗಿ, ಹದ ಹಾಕುವುದನ್ನು ನಿಮ್ಮ ಕಣ್ಣೆದುರೇ, ನಿಮ್ಮ ಅಲಗಿನ ಮೇಲೆಯೇ ಮಾಡಿಸುತ್ತಾರೆಯೇ ಎಂದು ಬರಹದಲ್ಲಿ ಕೇಳಿ. ಉಕ್ಕಿನ ದರ್ಜೆ ಯಾವುದೆಂದು ಕೇಳಿ. ಉತ್ತರ ತಡವರಿಸಿದರೆ ಅಲ್ಲಿಂದ ಎದ್ದು ಬನ್ನಿ. ನಾನು ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ರಲ್ಲಿ ದೂರು ದಾಖಲಿಸಿದ್ದೇನೆ. ಅಲ್ಲಿ ಬಗೆಹರಿಯದಿದ್ದರೆ ಜಿಲ್ಲಾ ಗ್ರಾಹಕ ಆಯೋಗಕ್ಕೆ ಹೋಗುತ್ತೇನೆ. 5 ಲಕ್ಷ ರೂಪಾಯಿಯವರೆಗಿನ ವ್ಯವಹಾರದ ದೂರಿಗೆ ಅಲ್ಲಿ ಶುಲ್ಕವಿಲ್ಲ. ಆ ಶೆಡ್ಡಿನಲ್ಲಿ ಕಲಿತವರು ಇದನ್ನು ಓದುತ್ತಿದ್ದರೆ, ನಿಮ್ಮ ಚಾಕುವಿನ ಬೆನ್ನಿಗೂ ಒಮ್ಮೆ ಅರ ಹಿಡಿದು ನೋಡಿ ವಿಡಿಯೊ ಮಾಡಿಕೊಳ್ಳಿ, ಹಣ ಕಳಿಸಿದ ದಾಖಲೆಯನ್ನು ಮತ್ತು ಅವರ ಸಂದೇಶಗಳನ್ನು ಅಳಿಸಬೇಡಿ, ನನಗೆ ತಿಳಿಸಿ. ಎಲ್ಲರೂ ಸೇರಿ ದೂರು ಕೊಡೋಣ.