‘ಸಖಾರಾಮ್ ಬೈಂಡರ್’ ಆಡಲು ಹೊರಟವರಿಗೆ

ವಿಜಯ್ ತೆಂಡೂಲ್ಕರರ ಈ ಮರಾಠಿ ನಾಟಕ 1972ರಲ್ಲಿ ರಂಗಕ್ಕೆ ಬಂತು. 13 ಪ್ರಯೋಗ ಆಗುವಷ್ಟರಲ್ಲಿ ಮಹಾರಾಷ್ಟ್ರದ ಸೆನ್ಸಾರ್ ಮಂಡಳಿ 32 ಕಡೆ ಕತ್ತರಿ ಹಾಕಿ ಎಂದಿತು, ಆಟ ನಿಂತಿತು. ನಿರ್ದೇಶಕ ಕಮಲಾಕರ ಸಾರಂಗ್ ಬಾಂಬೆ ಹೈಕೋರ್ಟಿನಲ್ಲಿ ಹೋರಾಡಿ ಗೆದ್ದರು. ಇವತ್ತು ಇದನ್ನು ಕೈಗೆತ್ತಿಕೊಳ್ಳುವ ತಂಡಕ್ಕೆ ನಮ್ಮ ಸಲಹೆ ಒಂದೇ: ಪೂರ್ತಿ ಆಡಿ, ಇಲ್ಲವೇ ಬಿಡಿ.

ಗಂಡ ಬಿಟ್ಟ ಹೆಂಗಸರನ್ನು ಮನೆಗೆ ಕರೆತರುವ ಪುಸ್ತಕ ಬೈಂಡರ್ ಸಖಾರಾಮ್, ಲಕ್ಷ್ಮಿಗೆ ಮೊದಲ ದಿನವೇ ಕರಾರು ಹೇಳುತ್ತಾನೆ. ಊಟ, ಬಟ್ಟೆ, ಸೂರು ಕೊಡುತ್ತೇನೆ, ಹೋಗಬೇಕೆನಿಸಿದರೆ ಸೀರೆ, 50 ರೂಪಾಯಿ ಮತ್ತು ಟಿಕೆಟ್ ಕೊಟ್ಟು ಕಳಿಸುತ್ತೇನೆ. ಈ ಪ್ರಾಮಾಣಿಕತೆಯೂ ಬೈಗುಳವೂ ಒಂದೇ ಉಸಿರಿನಲ್ಲಿ ಬರುತ್ತವೆ. ಬೈಗುಳ ತೆಗೆದರೆ ಅವನು ಸಮಾಜ ಸುಧಾರಕನಂತೆ ಕಾಣುತ್ತಾನೆ. ಆಮೇಲೆ ಬೆಲ್ಟ್ ತೆಗೆದು ಹೊಡೆಯುವಾಗ ಆ ಕ್ರೌರ್ಯ ಎಲ್ಲಿಂದ ಬಂತೆಂದು ಪ್ರೇಕ್ಷಕರಿಗೆ ತಿಳಿಯುವುದಿಲ್ಲ. ಆ ಹೊಡೆತದ ದೃಶ್ಯವೇ ಇಡೀ ನಾಟಕದ ಕೀಲು. ಗಣಪತಿಯ ಆರತಿಗೆ ಗೆಳೆಯ ದಾವೂದ್ ದನಿಗೂಡಿಸುತ್ತಾನೆ, ಮುಸಲ್ಮಾನ ಹಾಡಬಾರದೆಂದು ಲಕ್ಷ್ಮಿ ತಡೆಯುತ್ತಾಳೆ, ಸಖಾರಾಮ್ ಅವಳನ್ನು ಬಡಿಯುತ್ತಾನೆ. ಸರಿಯಾದ ಮಾತಿಗಾಗಿ ಎತ್ತಿದ ಕೈ ಹೆಣ್ಣಿನ ಮೇಲೆ ಬೀಳುತ್ತದೆ. ಯಾರ ಪಕ್ಕ ನಿಲ್ಲಬೇಕೆಂದು ಸಭಾಂಗಣ ತಡವರಿಸಬೇಕು. ದೀಪ ಆರಿಸಿ ಸದ್ದಿನಲ್ಲಷ್ಟೇ ಮುಗಿಸಿದರೆ ಆ ತಡವರಿಕೆ ಹುಟ್ಟುವುದಿಲ್ಲ.

ಲಕ್ಷ್ಮಿ ಮನೆ ಬಿಟ್ಟ ಮೇಲೆ ಸಖಾರಾಮ್ ಕರೆತರುವ ಚಂಪಾ ಸೀರೆ ಬದಲಿಸುವ ದೃಶ್ಯದಲ್ಲಿ ತಂಡಗಳು ಸಾಮಾನ್ಯವಾಗಿ ಎಡವುವುದು ಬೆಳಕಿನಲ್ಲಿ. ಬೆಳಕನ್ನು ಸಖಾರಾಮನ ಮುಖದ ಮೇಲೆ ಇಡಿ. ಅವಳಿಗೆ ಅದು ಮಾಮೂಲಿ ಕೆಲಸ, ಕಂಗೆಡುವವನು ಅವನು. ಬೆಳಕು ಅವಳನ್ನು ಹಿಂಬಾಲಿಸಿತೋ, ಅಶ್ಲೀಲವೆಂಬ ಸೆನ್ಸಾರಿನ ಆಕ್ಷೇಪ ನಿಜವೆಂದು ನೀವೇ ಒಪ್ಪಿದಂತೆ.

ರಂಗಸಜ್ಜಿಕೆ ಸುಲಭ: ಹೊರಗೋಣೆ ಮತ್ತು ಅಡುಗೆಮನೆ, ಎರಡೂ ಒಟ್ಟಿಗೆ ಕಾಣಬೇಕು. ಸಖಾರಾಮ್ ನುಡಿಸುವ ಮೃದಂಗಕ್ಕೆ ಮಾತ್ರ ಧ್ವನಿಮುದ್ರಿಕೆ ಬೇಡ. ಅದರ ಪೆಟ್ಟಿನಲ್ಲೇ ಅವನ ಮನಸ್ಸು ಏರಿಳಿಯುವುದರಿಂದ ನಟ ಕೆಲವು ಪಾಠವಾದರೂ ಕಲಿತಿರಬೇಕು. ಮೊದಲ ಅಂಕದಲ್ಲಿ ಲಕ್ಷ್ಮಿ ಇರುವೆಯೊಡನೆ ಮಾತಾಡುವ ಭಾಗವನ್ನು ಅವಸರಿಸಬೇಡಿ. ಅವಳ ಒಂಟಿತನ ಅಲ್ಲಿ ಊರದಿದ್ದರೆ, ಕೊನೆಯಲ್ಲಿ ಚಂಪಾಳನ್ನು ಕೊಂದು ಕುಸಿದ ಸಖಾರಾಮನ ಎದುರು ಅವಳು ತೋರುವ ಧೈರ್ಯ ನಂಬಿಕೆ ಹುಟ್ಟಿಸುವುದಿಲ್ಲ.

ಪಾತ್ರಕ್ಕೆ ಯಾರು ಎಂಬುದಂತೂ ಬಹಳ ಮುಖ್ಯ. ಮೊದಲ ಪ್ರಯೋಗದ ಸಖಾರಾಮ್ ನಿಳು ಫುಲೆ ಲೋಕನಾಟ್ಯದಿಂದ ಬಂದವರು. ಈ ಪಾತ್ರಕ್ಕೆ ಬೇಕಾದ್ದೂ ಅಂಥ ಪಳಗಿದ ನಗೆಯೇ. ಖಳನ ಗಡಸು ದನಿಯೊಂದನ್ನೇ ಹಿಡಿದ ನಟ ಅರ್ಧ ಗಂಟೆಯಲ್ಲಿ ಬೇಸರ ತರುತ್ತಾನೆ. ಚಂಪಾ ಆಗಿ ನಿಂತವರು ಲಾಲನ್ ಸಾರಂಗ್. ಬೀದಿಯಲ್ಲೂ ಕೋರ್ಟಿನಲ್ಲೂ ನಾಟಕದ ಮೇಲೆ ದಾಳಿ ನಡೆಯುತ್ತಿದ್ದಾಗ ಆ ಪಾತ್ರ ಹೊತ್ತ ಅವರ ಗಟ್ಟಿತನಕ್ಕೆ ಎಷ್ಟು ಗೌರವ ಕೊಟ್ಟರೂ ಕಡಿಮೆ.

ಮಹಾರಾಷ್ಟ್ರದಲ್ಲಿ ಪ್ರಯೋಗಕ್ಕೆ ಮುನ್ನ ಹಸ್ತಪ್ರತಿ ಒಪ್ಪಿಸಿ ಪ್ರಮಾಣಪತ್ರ ಪಡೆಯುವ ಪದ್ಧತಿಯನ್ನು ನಟ, ನಿರ್ದೇಶಕ ಅಮೋಲ್ ಪಾಲೇಕರ್ 2016ರಲ್ಲಿ ಹೈಕೋರ್ಟಿನಲ್ಲಿ ಪ್ರಶ್ನಿಸಿದ್ದರು. ಅಲ್ಲಿಗೆ ಆಟ ಒಯ್ಯುವವರು ರಂಗಸೂಚನೆಗಳ ಸಮೇತ ಪ್ರತಿ ಸಿದ್ಧವಿಡಿ. ಯಾವುದೇ ಕತ್ತರಿಯ ಸೂಚನೆ ಬಂದರೆ ಪುಟ, ಸಾಲು, ಕಾರಣ ಮೂರನ್ನೂ ಲಿಖಿತವಾಗಿ ಕೇಳಿ. ಬಾಯಿಮಾತಿನ ಆಕ್ಷೇಪವನ್ನು ಮೇಲಿನ ಹಂತದಲ್ಲಿ ಪ್ರಶ್ನಿಸುವುದು ಕಷ್ಟ.

ಇನ್ನು ಕೊರತೆ: ಮೂರನೆಯ ಅಂಕದಲ್ಲಿ ಲಕ್ಷ್ಮಿ ಮರಳಿದ ಮೇಲೆ ಘಟನೆಗಳು ಮೇಲಿಂದ ಮೇಲೆ ನುಗ್ಗುತ್ತವೆ, ದಾವೂದನ ಪಾತ್ರ ತೆಳುವಾಗಿಯೇ ಉಳಿಯುತ್ತದೆ. ತಾಲೀಮಿನಲ್ಲಿ ಹೆಚ್ಚು ದಿನ ಈ ಅಂಕಕ್ಕೇ ಮೀಸಲಿಡಿ.