ಕತ್ತಲು ಕವಿದ ಮುಂದಿನ ಭಾಗ: ಮೂರರಲ್ಲಿ ಯಾವುದು?

ಮಕ್ಕಳ ಪುಸ್ತಕದಿಂದ ಬಂದ, ಮೊದಲ ಭಾಗಕ್ಕಿಂತ ಭಯ ಜಾಸ್ತಿ ಇರುವ ಫ್ಯಾಂಟಸಿ ಸಿನಿಮಾ ಬೇಕು ಅಂದಿದ್ದೀರಿ. ನಾನು ಆರಿಸಿದ್ದು 'ವಿಝರ್ಡ್ ಆಫ್ ಆಜ್' (1939) ಕಥೆಯನ್ನು ಮುಂದುವರಿಸುವ 'ರಿಟರ್ನ್ ಟು ಆಜ್' (1985), ಹ್ಯಾರಿ ಪಾಟರ್ ಸರಣಿಯ 'ಪ್ರಿಸನರ್ ಆಫ್ ಅಜ್ಕಬಾನ್' (2004), ನಾರ್ನಿಯಾದ 'ಪ್ರಿನ್ಸ್ ಕ್ಯಾಸ್ಪಿಯನ್' (2008).

ಹೆದರಿಸುವುದರಲ್ಲಿ ಆಜ್‌ನದ್ದೇ ಮೇಲುಗೈ. ಶುರುವಿನಲ್ಲೇ ಕಥೆಯ ನಾಯಕಿ, ಪುಟ್ಟ ಹುಡುಗಿ ಡೊರೊಥಿಯನ್ನು ಕರೆಂಟ್ ಚಿಕಿತ್ಸೆಗೆ ಕರೆದೊಯ್ಯುತ್ತಾರೆ! ಆಮೇಲೆ ತಲೆ ಬದಲಿಸುವ ಮಾಟಗಾತಿ ಮಾಂಬಿಯ ಅರಮನೆ. ಕಪಾಟುಗಳ ಉದ್ದ ಸಾಲು, ಒಂದೊಂದರಲ್ಲೂ ಒಂದೊಂದು ತಲೆ. ಡೊರೊಥಿ ಜೀವ ತುಂಬುವ ಮಾಯಾ ಪುಡಿ ಕದಿಯುವಾಗ ತಲೆಗಳೆಲ್ಲ ಎದ್ದು ಕಿರುಚುತ್ತವೆ. ದೊಡ್ಡವರಿಗೇ ಮೈ ಜುಮ್ಮೆನ್ನುತ್ತದೆ, ಇನ್ನು ಐದು ವರ್ಷದ ಮಗು ಮಲಗುತ್ತದಾ?

ಅಜ್ಕಬಾನ್‌ನ ಭಯ ಬೇರೆ ಥರ. ಮನುಷ್ಯರ ಸಂತೋಷ ಹೀರುವ ಡಿಮೆಂಟರ್ ಎಂಬ ಕರಾಳ ಜೀವಿ ಬರುವ ಮೊದಲು ರೈಲಿನ ಕಿಟಕಿ ಗಾಜು ಸುಮ್ನೆ ಹಿಮಗಟ್ಟುತ್ತದೆ. ಅಷ್ಟೇ ಸಾಕು. ಕ್ಯಾಸ್ಪಿಯನ್‌ನಲ್ಲಿ ದೆವ್ವಕ್ಕಿಂತ ಯುದ್ಧ ಜಾಸ್ತಿ. ಪುಸ್ತಕದಲ್ಲಿ ಇಲ್ಲದ ಕೋಟೆ ದಾಳಿಯೊಂದನ್ನು ಸೇರಿಸಿದ್ದಾರೆ. ಬಾಗಿಲು ಬಿದ್ದು ಜೊತೆಗಾರರು ಒಳಗೇ ಉಳಿಯುವ ದೃಶ್ಯ ನಿಜಕ್ಕೂ ಭಾರ. ಪುಸ್ತಕ ಓದಿದ ಮಕ್ಕಳು ಗೊಣಗಬಹುದು, ನನಗಂತೂ ಇಷ್ಟ.

ಹಿಂದಿನ ಕಥೆ ಗೊತ್ತಿಲ್ಲದಿದ್ದರೆ? ಆಜ್ ನಡೆಯುತ್ತದೆ, ಎರಡು ಗಂಟೆಯೊಳಗೆ ಮುಗಿಯುತ್ತದೆ ಕೂಡ. ಆದರೆ ಹಳೆಯ 'ವಿಝರ್ಡ್ ಆಫ್ ಆಜ್'ನಂತೆ ಹಾಡು ಸಿಗುವುದಿಲ್ಲ. ಅಜ್ಕಬಾನ್‌ಗೆ ಮೊದಲಿನ ಎರಡೂ ಭಾಗ ಬೇಕೇ ಬೇಕು. ಕ್ಯಾಸ್ಪಿಯನ್‌ಗೆ ಒಂದು ಸಾಕು. ಎರಡೂವರೆ ಗಂಟೆ ಕೂರುವ ತಾಳ್ಮೆಯೂ ಇರಲಿ.

ಕತ್ತಿವರಸೆ ಅಂದರೆ ಪ್ರಾಣ ಬಿಡುವ ಮಗುವಿಗೆ ಕ್ಯಾಸ್ಪಿಯನ್. ಸರಣಿ ನೋಡುತ್ತಾ ಬಂದಿರುವ ಹತ್ತರ ಆಸುಪಾಸಿನವರಿಗೆ ಅಜ್ಕಬಾನ್. ಆಜ್ ಅನ್ನು ವಿಚಿತ್ರ ಇಷ್ಟಪಡುವ ಸ್ವಲ್ಪ ದೊಡ್ಡ ಮಕ್ಕಳಿಗೆ ಇಡಿ, ಅದೂ ಹಗಲಲ್ಲಿ.