ಆಂಕಿ: ವಾರಕ್ಕೆರಡು ದಿನದ ಕನ್ನಡ ತರಗತಿಗೆ ಒಗ್ಗುತ್ತದೆ, ಆದರೆ ಕಾರ್ಡು ಟೀಚರೇ ಬರೆಯಬೇಕು

ಕನ್ನಡ ಬಾರದವರಿಗೆ ಕನ್ನಡ ಕಲಿಸುವ ತರಗತಿಗಳು ಬೆಂಗಳೂರಿನಲ್ಲಿ ಅಪಾರ್ಟ್‌ಮೆಂಟಿನ ಕ್ಲಬ್‌ಹೌಸಿನಲ್ಲೂ ನಡೆಯುತ್ತವೆ, ಕಂಪನಿಯ ಮೀಟಿಂಗ್ ರೂಮಿನಲ್ಲೂ ನಡೆಯುತ್ತವೆ. ಹೆಚ್ಚುಕಡಿಮೆ ಎಲ್ಲಕ್ಕೂ ಒಂದೇ ಅಚ್ಚು: ವಾರಕ್ಕೆ ಎರಡು ದಿನ, ದಿನಕ್ಕೆ ಒಂದೂವರೆ ಗಂಟೆ, ಹತ್ತು ಹದಿನೈದು ಜನ. ಮಂಗಳವಾರ ಹೇಳಿಕೊಟ್ಟದ್ದು ಶುಕ್ರವಾರಕ್ಕೆ ಅರ್ಧ ಮಾಯ. ಹಳೇ ಪಾಠವನ್ನೇ ಮತ್ತೆ ತಿರುವಿಹಾಕುವುದರಲ್ಲಿ ಅರ್ಧ ಗಂಟೆ ಹೋಗುತ್ತದೆ, ಮಾತಾಡಿಸಬೇಕಾದ ಹೊತ್ತು ಹಾಗೇ ಕರಗುತ್ತದೆ. ಮೈಸೂರಿನ ದಕ್ಷಿಣ ಪ್ರಾದೇಶಿಕ ಭಾಷಾ ಕೇಂದ್ರದಲ್ಲಿ ಹತ್ತು ತಿಂಗಳು ಪೂರ್ತಿ ಕೂತು ಕನ್ನಡ ಕಲಿಯುವ ಶಿಕ್ಷಕರಿಗೆ ಈ ತೊಂದರೆ ಅಷ್ಟಿಲ್ಲ, ಅಲ್ಲಿ ಮರೆಯುವುದಕ್ಕೆ ಪುರುಸೊತ್ತೇ ಸಿಗುವುದಿಲ್ಲ. ಆಫೀಸು ಮುಗಿಸಿ ಟ್ರಾಫಿಕ್ಕಿನಲ್ಲಿ ಏಗಿ ಬರುವವರಿಗೆ ತರಗತಿಗಳ ನಡುವಿನ ದಿನಗಳನ್ನು ತುಂಬುವ ಏನಾದರೊಂದು ಬೇಕು. ಆ ಜಾಗಕ್ಕೆ ಆಂಕಿ ಎಂಬ ಫ್ಲ್ಯಾಶ್‌ಕಾರ್ಡ್ ಆ್ಯಪ್ ಎಷ್ಟು ಹೊಂದುತ್ತದೆ ಎಂದು ನೋಡಿದರೆ, ಐದಕ್ಕೆ ಮೂರೂವರೆ ಕೊಡಬಹುದು. ಕಳೆದ ಒಂದೂವರೆ ಅಂಕ ಯಾಕೆ ಎಂಬುದು ಮುಂದೆ ಬರುತ್ತದೆ.

ಆಂಕಿ ಹೊಸದೇನಲ್ಲ. ಡೇಮಿಯನ್ ಎಲ್ಮ್ಸ್ ಇದನ್ನು 2006ರಲ್ಲಿ ಹೊರಬಿಟ್ಟರು. ಹೆಸರು ಜಪಾನಿ ಪದ, ಬಾಯಿಪಾಠ ಎಂದರ್ಥ. ಕಾರ್ಡಿನ ಮುಂದೆ ಪ್ರಶ್ನೆ, ಹಿಂದೆ ಉತ್ತರ. ನೆನಪಿದ್ದ ಕಾರ್ಡು ದೂರದ ದಿನಕ್ಕೆ ಹೋಗುತ್ತದೆ, ಮರೆತದ್ದು ಬೇಗ ವಾಪಸು ಬರುತ್ತದೆ. ಕಂಪ್ಯೂಟರಿಗೂ ಆಂಡ್ರಾಯ್ಡ್ ಫೋನಿಗೂ ಪುಕ್ಕಟೆ, ಜಾಹೀರಾತಿನ ಕಾಟವೂ ಇಲ್ಲ. ಐಫೋನಿನವರಿಗೆ ಮಾತ್ರ ದುಬಾರಿ: ಅಮೆರಿಕದ ಬೆಲೆಯಲ್ಲಿ 24.99 ಡಾಲರ್, ಒಂದೇ ಸಲ ಕೊಡುವಂಥದ್ದು. ಸ್ಟೋರಿನಲ್ಲಿ ಹೆಸರು ಹೋಲುವ ಬೇರೆ ಆ್ಯಪ್‌ಗಳೂ ಇವೆ. ಅಸಲಿಯ ಹೆಸರು ಆಂಕಿಮೊಬೈಲ್ ಫ್ಲ್ಯಾಶ್‌ಕಾರ್ಡ್ಸ್. ದುಡ್ಡು ಬೇಡ ಎನ್ನುವವರು ಬ್ರೌಸರಿನಲ್ಲಿ ಆಂಕಿವೆಬ್ ಬಳಸಬಹುದು. ಆದರೆ ಟೀಚರ್ ಕಳಿಸಿದ ಕಡತವನ್ನು ಆಂಕಿವೆಬ್ ನೇರವಾಗಿ ತೆಗೆದುಕೊಳ್ಳುವುದಿಲ್ಲ. ಕಂಪ್ಯೂಟರಿನ ಆಂಕಿಯಲ್ಲಿ ಹಾಕಿ ಸಿಂಕ್ ಮಾಡಬೇಕು. ಆಫೀಸಿನ ಲ್ಯಾಪ್‌ಟಾಪಿನಲ್ಲಿ ಹೊಸ ಸಾಫ್ಟ್‌ವೇರ್ ಹಾಕಲು ಬಿಡದಿದ್ದರೆ ಅಲ್ಲಿಗೆ ಕಥೆ ಮುಗಿಯಿತು.

ಮೊದಲ ಎಡವಟ್ಟು ಆಗುವುದು ಕಾರ್ಡುಗಳಲ್ಲೇ. ಯಾರೋ ಹಂಚಿದ ಸಾವಿರ ಪದದ ಕಾರ್ಡಿನ ಕಟ್ಟನ್ನು (ಆಂಕಿಯ ಮಾತಲ್ಲಿ ಡೆಕ್) ಇಳಿಸಿಕೊಂಡು ತರಗತಿಗೆ ಹಂಚಿದರೆ ಎರಡೇ ವಾರದಲ್ಲಿ ಎಲ್ಲರೂ ಕೈಬಿಡುತ್ತಾರೆ. ಒಂಟಿ ಪದದ ಕಾರ್ಡು ಕನ್ನಡಕ್ಕೆ ಒಗ್ಗುವುದಿಲ್ಲ. ‘ತಂದೆ’ ಎಂದು ಬರೆದ ಕಾರ್ಡಿಗೆ ಉತ್ತರ ಏನು? ಅಪ್ಪನೋ, ‘ನಾನು ತಂದೆ’ ಎನ್ನುವ ತರುವ ಕೆಲಸವೋ? ಕಾರ್ಡು ಅಂದಿನ ತರಗತಿಯ ಬೋರ್ಡಿನಿಂದಲೇ, ವಾಕ್ಯವಾಗಿಯೇ ಬರಬೇಕು. ‘ನಾನು ನಿನ್ನೆ ಮಾರ್ಕೆಟ್ಟಿಂದ ಸೊಪ್ಪು ಡ್ಯಾಶ್’ ಎಂದು ಬಿಟ್ಟು, ಪಕ್ಕದಲ್ಲಿ ‘ತರು’ ಎಂದು ಸುಳಿವು ಕೊಟ್ಟರೆ ‘ತಂದೆ’ಗೆ ಒಂದೇ ಅರ್ಥ ಉಳಿಯುತ್ತದೆ. ಆಂಕಿಯಲ್ಲಿ ಇದಕ್ಕೆ ಕ್ಲೋಜ್ ಎಂಬ ಮಾದರಿಯಿದೆ, ಪದವನ್ನು ಆರಿಸಿ ಒಂದು ಗುಂಡಿ ಒತ್ತಿದರೆ ಖಾಲಿ ಜಾಗ ತಾನೇ ಆಗುತ್ತದೆ. ಒಂದು ತರಗತಿಗೆ ಇಂಥ 25 ವಾಕ್ಯ ಸಾಕು. ಕೈ ಪಳಗಿದ ಮೇಲೂ ಇದು ಮುಕ್ಕಾಲು ಗಂಟೆಯ ಕೆಲಸ, ಈ ಹೊತ್ತನ್ನು ಫೀಸಿನಲ್ಲಿ ಯಾರೂ ಲೆಕ್ಕ ಹಿಡಿಯುವುದಿಲ್ಲ ಎಂಬುದನ್ನೂ ಇಲ್ಲೇ ಹೇಳಿಬಿಡೋಣ.

ಬರಹಕ್ಕಿಂತ ಮೊದಲು ದನಿ. ಹಿಂದಿ ಮನೆಮಾತಿನವರಿಗೆ ಹ್ರಸ್ವ ಎ, ಒ ಇಲ್ಲ, ಳಕಾರವೂ ಇಲ್ಲ. ಅವರ ಕಿವಿಗೆ ಬೆಳೆ, ಬೇಳೆ, ಬೆಲೆ ಮೂರೂ ಒಂದೇ. ‘ಈ ಸಲ ಬೆಳೆ ಚೆನ್ನಾಗ್ ಬಂತು, ಬೇಳೆ ಬೆಲೆ ಇಳೀತು’ ಎಂಬ ಒಂದು ವಾಕ್ಯವನ್ನು ಮುಂಬದಿಯಲ್ಲಿ ಬರೀ ದನಿಯಾಗಿ ಇಟ್ಟು, ಹಿಂಬದಿಯಲ್ಲಿ ಬರಹ ಮತ್ತು ಅರ್ಥ ಕೊಟ್ಟರೆ ವ್ಯಾಕರಣ ಪುಸ್ತಕದ ಒಂದು ಅಧ್ಯಾಯದ ಕೆಲಸ ಆಗುತ್ತದೆ. ತಮಿಳಿನವರಿಗೆ ಇದು ಸುಲಭ, ಅವರು ತಡವರಿಸುವುದು ಕಾಳಿ, ಗಾಳಿಯಂಥ ಜೋಡಿಗಳಲ್ಲಿ. ಒಂದೇ ತರಗತಿಯಲ್ಲಿ ಇಬ್ಬರೂ ಇದ್ದರೆ ಎರಡು ಬೇರೆ ಉಪಕಟ್ಟು ಮಾಡುವುದು ಒಳ್ಳೆಯದು.

ದನಿಯನ್ನು ಫೋನಿನ ಯಂತ್ರಕಂಠಕ್ಕೆ ಬಿಡಬೇಡಿ. ಆಂಕಿಗೆ ಆ ಸೌಲಭ್ಯವಿದೆ, ಆಂಡ್ರಾಯ್ಡಿನಲ್ಲಿ ಕನ್ನಡದ ಕಂಠವೂ ಸಿಗುತ್ತದೆ. ಆದರೆ ಅದು ‘ಬರುತ್ತೇನೆ’ ಎಂದು ಬರೆದದ್ದನ್ನು ಬರೆದ ಹಾಗೇ ಓದುತ್ತದೆ. ಬೀದಿಯಲ್ಲಿ ಕೇಳುವುದು ‘ಬರ್ತೀನಿ’. ಕಾರ್ಡಿನಲ್ಲಿ ಬರಹದ ರೂಪಕ್ಕೊಂದು, ಆಡುಮಾತಿನ ರೂಪಕ್ಕೊಂದು ಜಾಗ ಇಟ್ಟು, ದನಿ ಮಾತ್ರ ಟೀಚರದ್ದೇ ಹಾಕುವುದು ಸರಿ. ಫ್ಯಾನ್ ಆರಿಸಿ, ಫೋನನ್ನು ಬಾಯಿಂದ ಒಂದು ಗೇಣು ದೂರ ಹಿಡಿದು ಹೇಳಿದರೆ ಸಾಕು, ಸ್ಟುಡಿಯೋ ಬೇಕಿಲ್ಲ. ಕಂಪ್ಯೂಟರಿನಲ್ಲಾದರೆ ಕಾರ್ಡು ಸೇರಿಸುವ ಕಿಟಕಿಯಲ್ಲಿ ಎಫ್5 ಒತ್ತಿದರೆ ರೆಕಾರ್ಡಿಂಗ್ ಶುರುವಾಗುತ್ತದೆ.

ಅರ್ಧ ಅಂಕ ಕಳೆಯುವುದು ಇಲ್ಲಿ: ಆಂಕಿ ಮಾತಾಡುತ್ತದೆ, ಕೇಳಿಸಿಕೊಳ್ಳುವುದಿಲ್ಲ. ‘ಬೇಲೆ’ ಎಂದವರೂ ತಮಗೆ ತಾವೇ ‘ಗುಡ್’ ಗುಂಡಿ ಒತ್ತಿಕೊಂಡು ಮುಂದೆ ಹೋಗುತ್ತಾರೆ. ಅದನ್ನು ಹಿಡಿಯುವ ಜಾಗ ತರಗತಿ. ಬೋರ್ಡಿನ ಮೇಲೆ 1 ಬೆಳೆ, 2 ಬೇಳೆ, 3 ಬೆಲೆ ಎಂದು ಬರೆದು, ಒಬ್ಬರು ಒಂದು ಪದ ಹೇಳಿದರೆ ಮಿಕ್ಕವರು ತಮಗೆ ಕೇಳಿಸಿದ್ದನ್ನು ಬೆರಳಲ್ಲಿ ತೋರಿಸಬೇಕು. ಹೇಳಿದವರು ಎರಡು ಅಂದುಕೊಂಡು ಹೇಳಿ, ಎದುರಿಗೆ ಮೂರು ಬೆರಳುಗಳ ಸಾಲು ಕಂಡರೆ ಬೇರೆ ತಿದ್ದುಪಡಿ ಬೇಕಿಲ್ಲ.

ಬೋರ್ಡಿಗೇ ಸೇರಬೇಕಾದದ್ದು ಇನ್ನೊಂದಿದೆ. ಕೊಡು–ಕೊಟ್ಟ, ಇಡು–ಇಟ್ಟ, ಬಿಡು–ಬಿಟ್ಟ, ಸುಡು–ಸುಟ್ಟ, ಕೆಡು–ಕೆಟ್ಟ. ಆದರೆ ಮಾಡು–ಮಾಡಿದ, ನೋಡು–ನೋಡಿದ, ಹಾಡು–ಹಾಡಿದ, ಬೇಡು–ಬೇಡಿದ. ಆಂಕಿಗೆ ಇವು ಒಂಬತ್ತು ಬೇರೆ ಬೇರೆ ಕಾರ್ಡು, ಒಂದಕ್ಕೊಂದು ನಂಟೇ ಇಲ್ಲ. ಕಲಿಯುವವರು ‘ಕೊಡಿದೆ’ ಎಂದು ತಿಂಗಳುಗಟ್ಟಲೆ ತಪ್ಪುತ್ತಲೇ ಇರುತ್ತಾರೆ. ಬೋರ್ಡಿನಲ್ಲಿ ಎರಡು ಕಂಬ ಮಾಡಿ ಬರೆದರೆ ಗುಟ್ಟು ತಾನೇ ಕಾಣುತ್ತದೆ: ‘ಡು’ ಹಿಂದಿನ ಸ್ವರ ಗಿಡ್ಡವಾದರೆ ‘ಟ್ಟ’, ಉದ್ದವಾದರೆ ‘ಡಿದ’. ಎರಡು ನಿಮಿಷದ ಕೆಲಸ. ಈ ಗುಟ್ಟು ಹೇಳಿದ ಮೇಲೆ ಆಂಕಿಗೆ ಮೂರ್ನಾಲ್ಕು ವಾಕ್ಯ ಹಾಕಿದರೆ ಸಾಕು. ಬರು–ಬಂದ, ನಿಲ್ಲು–ನಿಂತ, ಬೀಳು–ಬಿದ್ದ, ಏಳು–ಎದ್ದ ಇಂಥವು ಕಲಿಯುವವರಿಗೆ ಒಂದು ಸೂತ್ರಕ್ಕೆ ಸಿಗುವುದಿಲ್ಲ, ಅವನ್ನು ಉರು ಹೊಡೆಯಲೇಬೇಕು, ಅಲ್ಲಿ ಆಂಕಿಯ ಮುಂದೆ ಬೇರೆ ದಾರಿಯಿಲ್ಲ.

ಸೆಟ್ಟಿಂಗಿನ ವಿಷಯ. ದಿನಕ್ಕೆ ಹೊಸ ಕಾರ್ಡು 20 ಎಂದು ಆಂಕಿ ತಾನೇ ಇಟ್ಟಿರುತ್ತದೆ. ಅದನ್ನು 8ಕ್ಕೆ ಇಳಿಸಿ. ಎರಡು ತರಗತಿಗೆ 50 ಕಾರ್ಡು, ಏಳು ದಿನಕ್ಕೆ 56ರ ಜಾಗ, ಲೆಕ್ಕ ಸರಿಹೋಗುತ್ತದೆ. ಹೊಸ ಕಾರ್ಡಿನ ಏಳರಿಂದ ಹತ್ತು ಪಟ್ಟು ಹಳೇ ಕಾರ್ಡು ದಿನವೂ ತಿರುಗಿ ಬರುತ್ತವೆ ಎಂದು ಅಂದಾಜಿಟ್ಟುಕೊಂಡರೆ 60ರಿಂದ 80, ಅಂದರೆ ಮೆಟ್ರೋದಲ್ಲಿ ಹತ್ತು ಹನ್ನೆರಡು ನಿಮಿಷ. 20ರಲ್ಲೇ ಬಿಟ್ಟರೆ ತಿಂಗಳೊಳಗೆ ದಿನಕ್ಕೆ ಇನ್ನೂರರ ಹತ್ತಿರ ಹೋಗುತ್ತದೆ, ಆ್ಯಪ್ ಅಳಿಸುವುದು ಆ ಹೊತ್ತಿಗೇ. ಹಿಂದು–ಮುಂದು ಎರಡೂ ಕೇಳುವ ಮಾದರಿ ಆರಿಸಿದರೆ 25 ವಾಕ್ಯ 50 ಕಾರ್ಡಾಗುತ್ತದೆ ಎಂಬುದು ಬಹಳ ಜನರಿಗೆ ಹೊಳೆಯುವುದಿಲ್ಲ. 23.10ರ ಆವೃತ್ತಿಯಿಂದ ಯಾವ ಕಾರ್ಡು ಯಾವಾಗ ತಿರುಗಿ ಬರಬೇಕು ಎಂದು ನೋಡುವ ಎಫ್‌ಎಸ್‌ಆರ್‌ಎಸ್ ಎಂಬ ಹೊಸ ಲೆಕ್ಕಾಚಾರ ಒಳಗೇ ಬಂದಿದೆ, ಡೆಕ್ ಆಯ್ಕೆಗಳಲ್ಲಿ ಅದನ್ನು ಚಾಲೂ ಮಾಡಿ, ನೆನಪಿನ ಗುರಿಯನ್ನು ಶೇ. 90ರಲ್ಲೇ ಬಿಡಿ. ಶೇ. 95ಕ್ಕೆ ಏರಿಸಿದರೆ ಹೊರೆ ಒಮ್ಮೆಲೇ ಹೆಚ್ಚುತ್ತದೆ.

ಗುಂಡಿ ನಾಲ್ಕಿವೆ, ಬಳಸಬೇಕಾದದ್ದು ಎರಡೇ: ಮರೆತರೆ ‘ಅಗೇನ್’, ನೆನಪಿದ್ದರೆ ‘ಗುಡ್’. ಮರೆತಾಗ ಮರ್ಯಾದೆಗೆ ‘ಹಾರ್ಡ್’ ಒತ್ತುವವರೇ ಜಾಸ್ತಿ. ಆಂಕಿಯ ಲೆಕ್ಕದಲ್ಲಿ ‘ಹಾರ್ಡ್’ ಎಂದರೆ ಕಷ್ಟಪಟ್ಟು ನೆನಪಾಯಿತು, ಅಂದರೆ ಪಾಸು. ಹೀಗೆ ಒತ್ತುತ್ತಾ ಹೋದರೆ ಲೆಕ್ಕಾಚಾರ ಪೂರ್ತಿ ಕೆಡುತ್ತದೆ. ಮೊದಲ ತರಗತಿಯಲ್ಲೇ ಇದನ್ನು ಹೇಳಬೇಕು, ಎರಡು ಸಲ. ದಸರಾ ರಜೆ ಮುಗಿಸಿ ಬಂದವರ ಮುಂದೆ ನಾನೂರು ಕಾರ್ಡು ರಾಶಿ ಬಿದ್ದಿದ್ದರೆ ಹೊಸದನ್ನು ಸೊನ್ನೆಗೆ ಇಳಿಸಿ, ದಿನದ ಮಿತಿಯನ್ನು 80ಕ್ಕೆ ಕಟ್ಟಿ, ರಾಶಿ ಕರಗುವವರೆಗೆ ಕಾಯುವುದು ಉತ್ತಮ.

ಹಂಚುವುದು ಹೀಗೆ: ಕಟ್ಟನ್ನು ಎಪಿಕೆಜಿ ಕಡತವಾಗಿ ಎಕ್ಸ್‌ಪೋರ್ಟ್ ಮಾಡುವಾಗ ವೇಳಾಪಟ್ಟಿಯ ಮಾಹಿತಿಗೆ ಟಿಕ್ ತೆಗೆಯಿರಿ, ಮೀಡಿಯಾಕ್ಕೆ ಟಿಕ್ ಹಾಕಿ. ಮೊದಲನೆಯದನ್ನು ಮರೆತರೆ ಟೀಚರ ಕಾರ್ಡುಗಳ ದಿನಾಂಕವೇ ಎಲ್ಲರಿಗೂ ಹೋಗುತ್ತದೆ, ಎರಡನೆಯದನ್ನು ಮರೆತರೆ ಕಾರ್ಡು ಮೂಕ. ವಾಟ್ಸಾಪಿನಲ್ಲಿ ಡಾಕ್ಯುಮೆಂಟ್ ಆಗಿ ಕಳಿಸಿ. ಫೋನು ಗುರುತಿಸದಿದ್ದರೆ ಡೌನ್‌ಲೋಡ್ಸಿನಲ್ಲಿ ಇಟ್ಟು ಆಂಕಿಡ್ರಾಯ್ಡಿನ (ಆಂಡ್ರಾಯ್ಡಿನ ಆಂಕಿ) ಇಂಪೋರ್ಟ್ ಮೂಲಕ ತೆರೆಯಬೇಕು. ತಪ್ಪು ಕಂಡರೆ ಆ ಕಾರ್ಡನ್ನೇ ತಿದ್ದಿ ಮತ್ತೆ ಕಳಿಸಿ, ಅಳಿಸಿ ಹೊಸದು ಬರೆಯಬೇಡಿ. ಹೊಸದಾಗಿ ಬರೆದದ್ದು ಬೇರೆ ಗುರುತು ಪಡೆಯುತ್ತದೆ, ಕಲಿಯುವವರ ಫೋನಿನಲ್ಲಿ ತಪ್ಪಿನದೂ ಸರಿಯದೂ ಎರಡೂ ಉಳಿಯುತ್ತವೆ. ನಡುವೆ ಹೊಸ ಕಾಲಂ ಸೇರಿಸಿದರೂ ಇಂಥದ್ದೇ ಗೋಜಲು. ದನಿ, ಬರಹದ ರೂಪ, ಆಡುಮಾತು, ಅರ್ಥ, ಟಿಪ್ಪಣಿ ಈ ಐದನ್ನು ಮೊದಲ ದಿನವೇ ಗಟ್ಟಿ ಮಾಡಿಕೊಳ್ಳಿ.

ಉತ್ತರ ಟೈಪ್ ಮಾಡಿಸುವ ಸೌಲಭ್ಯ ಕನ್ನಡಕ್ಕೆ ಬೇಡ, ಇನ್ನರ್ಧ ಅಂಕ ಹೋದದ್ದು ಇದಕ್ಕೇ. ಆಂಕಿ ಅಕ್ಷರಕ್ಕೆ ಅಕ್ಷರ ತಾಳೆ ನೋಡುತ್ತದೆ. ‘ಬಸ್’ ಪದದ ಕೊನೆಗೆ ಕೆಲವು ಕೀಲಿಮಣೆಗಳು ಕಣ್ಣಿಗೆ ಕಾಣದ ಒಂದು ಸಂಕೇತ ಸೇರಿಸುತ್ತವೆ, ಕೆಲವು ಸೇರಿಸುವುದಿಲ್ಲ. ಪರದೆಯಲ್ಲಿ ಎರಡೂ ಒಂದೇ, ಆಂಕಿಗೆ ಮಾತ್ರ ತಪ್ಪು. ‘ರ‍್ಯಾಂಕ್’ ಪದದ್ದೂ ಅದೇ ಪಾಡು. ಸರಿಯಾಗಿ ಬರೆದವರಿಗೆ ಕೆಂಪು ಬಣ್ಣ ತೋರಿಸಿದರೆ ಅವರು ಮತ್ತೆ ಬರೆಯುವ ಗೋಜಿಗೇ ಹೋಗುವುದಿಲ್ಲ. ಬರವಣಿಗೆಯನ್ನು ನೋಟ್‌ಬುಕ್ಕಿನಲ್ಲಿ ಮಾಡಿಸಿ.

ಉಳಿದ ಅರ್ಧ ಅಂಕ: ಯಾರು ಓದಿದರು, ಯಾರು ಬಿಟ್ಟರು ಎಂದು ಟೀಚರಿಗೆ ಆಂಕಿ ತೋರಿಸುವುದಿಲ್ಲ. ಇದಕ್ಕೆ ಚೀಟಿಯೇ ಉಪಾಯ. 8 ಸಲ ಮರೆತ ಕಾರ್ಡಿಗೆ ಆಂಕಿ ‘ಲೀಚ್’, ಅಂದರೆ ಜಿಗಣೆ, ಎಂದು ಗುರುತು ಹಾಕುತ್ತದೆ. ಹಾಗೆ ಅಂಟಿಕೊಂಡವನ್ನೂ, ಆ ವಾರ ಪದೇ ಪದೇ ಕೈಕೊಟ್ಟ ಮೂರು ವಾಕ್ಯಗಳನ್ನೂ ಕಲಿಯುವವರು ಚೀಟಿಯಲ್ಲಿ ಬರೆದು ತಂದರೆ ತರಗತಿಯ ಮೊದಲ ಹತ್ತು ನಿಮಿಷಕ್ಕೆ ಅದೇ ಪಾಠ. ಹನ್ನೆರಡರಲ್ಲಿ ಆರು ಚೀಟಿಯಲ್ಲಿ ಒಂದೇ ಕಾರ್ಡು ಕಂಡರೆ ದೋಷ ಕಲಿಯುವವರದ್ದಲ್ಲ, ಕಾರ್ಡಿನದ್ದು. ಉದಾಹರಣೆಗೆ, ಮುಂದೆ ‘ಹಿ ಕೇಮ್’ ಎಂದಿರುತ್ತದೆ, ಹಿಂದೆ ‘ಬಂದ’ ಎಂದು. ಬಂದವನು ಹಾಲಿನ ಹುಡುಗನಾದರೆ ‘ಬಂದ’, ಹೆಣ್ಣು ಕೊಟ್ಟ ಮಾವನಾದರೆ ‘ಬಂದ್ರು’. ಯಾರು ಬಂದದ್ದು ಎಂದು ಕಾರ್ಡಿನಲ್ಲೇ ಸೇರಿಸಿ ಅಂದು ಸಂಜೆಯೇ ಕಟ್ಟನ್ನು ಮತ್ತೆ ಕಳಿಸಿ.